ಹಳೇ ರಗ್ಬಿ ಲೀಗ್ ಆಟಗಾರನ ಕಿರ್ದಿ-ಖತಾವಣಿ ಬರೆಯುವ ಬಗೆ

ಇಂಗ್ಲೆಂಡಿನ 1950-60ರ ದಶಕದ ರಗ್ಬಿ ಲೀಗ್ ಆಟಗಾರನ ಬಗ್ಗೆ ಕನ್ನಡದಲ್ಲಿ ಬರೆಯಲು ಕೂತವರಿಗೆ ಭಾಷೆ ಹೇಗೋ ಒದಗುತ್ತದೆ, ಲೆಕ್ಕ ಕೈಕೊಡುತ್ತದೆ. ನೀಲ್ ಫಾಕ್ಸ್ ಎಂಬ ಆಟಗಾರನನ್ನೇ ತೆಗೆದುಕೊಳ್ಳಿ. 1961-62ರಲ್ಲಿ ಅವನು 407 ಅಂಕ ಗಳಿಸಿದ ಅಂತ ಒಂದು ಕಡೆ ಇರುತ್ತದೆ, 456 ಅಂತ ಇನ್ನೊಂದು ಕಡೆ. ಬರೆಯುವವರು ಯಾವುದೋ ಒಂದನ್ನು ಆರಿಸಿ ಮುಂದೆ ಹೋಗುತ್ತಾರೆ. ಎರಡೂ ಸರಿ ಎನ್ನುವುದು ವಹಿ ಬರೆದವರಿಗೆ ಮಾತ್ರ ಗೊತ್ತಾಗುತ್ತದೆ.

ಬೆಳಗಾವಿಯ ರವಿವಾರ ಪೇಟೆಯ ಅಡತಿ ಅಂಗಡಿಗಳ ಹಳೇ ಪದ್ಧತಿ ಇದಕ್ಕೆ ಹೇಳಿ ಮಾಡಿಸಿದಂತಿದೆ. ದಿನದ ವ್ಯವಹಾರ ಬಂದಂತೆ ಬರೆಯುವುದು ಕಿರ್ದಿ. ಅದರಿಂದ ಆಸಾಮಿವಾರು ಎತ್ತಿ ಬರೆಯುವುದು ಖತಾವಣಿ. ಎರಡೂ ತಾಳೆ ಆಗುವವರೆಗೆ ಅಂಗಡಿ ಬಾಗಿಲು ಹಾಕುವಂತಿಲ್ಲ. ಆಟಗಾರನ ವಿಷಯದಲ್ಲಿ ಪಂದ್ಯವಾರು ಬರೆಯುವುದು ಕಿರ್ದಿ, ಸೀಸನ್‌ವಾರು ಮತ್ತು ತಂಡವಾರು ಬರೆಯುವುದು ಖತಾವಣಿ. ಹೊಗಳಿಕೆಯ ಮೊದಲ ವಾಕ್ಯಕ್ಕೆ ಕೈಹಾಕುವುದು ತಾಳೆ ಆದ ಮೇಲೆ.

ಮೊದಲು ಆಟ ಯಾವುದು ಅಂತ ಖಾತ್ರಿ ಮಾಡಿಕೊಳ್ಳಿ

ರಗ್ಬಿ ಎರಡಿವೆ. 1895ರ ಆಗಸ್ಟ್ 29ರಂದು ಹಡರ್ಸ್‌ಫೀಲ್ಡ್ ಊರಿನ ಜಾರ್ಜ್ ಹೋಟೆಲಿನಲ್ಲಿ ಉತ್ತರ ಇಂಗ್ಲೆಂಡಿನ ಕ್ಲಬ್ಬುಗಳು ಸಭೆ ಸೇರಿ ಹಳೇ ಸಂಸ್ಥೆಯಿಂದ ಹೊರಬಿದ್ದವು. ಜಗಳ ಕೂಲಿಯದು. ಗಣಿಯಲ್ಲೋ ಗಿರಣಿಯಲ್ಲೋ ದುಡಿಯುವವನು ಶನಿವಾರ ಪಾಳಿ ಬಿಟ್ಟು ಆಡಲು ಬಂದರೆ ಆ ದಿನದ ಪಗಾರ ತುಂಬಿಕೊಡಬೇಕೋ ಬೇಡವೋ ಎನ್ನುವ ಪ್ರಶ್ನೆ. ಗೋಕಾಕ ಮಿಲ್ಲಿನ ಪಾಳಿ ಗೊತ್ತಿದ್ದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಹೊರಬಂದವರ ಆಟ 1906ರಿಂದ ತಂಡಕ್ಕೆ 13 ಜನರದ್ದಾಯಿತು. ಸಂಸ್ಥೆಗೆ ರಗ್ಬಿ ಫುಟ್‌ಬಾಲ್ ಲೀಗ್ ಎಂಬ ಹೆಸರು 1922ರಲ್ಲಿ ಬಂತು. ಇನ್ನೊಂದು ರಗ್ಬಿ, ಅಂದರೆ ಯೂನಿಯನ್, 15 ಜನರದ್ದು. ಲೀಗ್‌ನಲ್ಲಿ ಹಿಡಿತಕ್ಕೆ ಸಿಕ್ಕವನನ್ನು ಬಿಡಬೇಕು, ಅವನು ಎದ್ದು ನಿಂತು ಚೆಂಡನ್ನು ಕಾಲಿನಿಂದ ಹಿಂದಕ್ಕೆ ತಳ್ಳಿ ಆಟ ಮುಂದುವರಿಸುತ್ತಾನೆ. ಕಬಡ್ಡಿ ಆಡಿದವರಿಗೆ ಹಿಡಿಯುವ ಭಾಗ ತಾನಾಗಿ ತಿಳಿಯುತ್ತದೆ.

ಮೂಲ ಬರಹದಲ್ಲಿ ಬರೀ ‘ರಗ್ಬಿ’ ಅಂತಿದ್ದರೆ ಕ್ಲಬ್ಬಿನ ಹೆಸರು ನೋಡಿ. ವಿಗನ್, ಲೀಡ್ಸ್, ಹಲ್, ವೇಕ್‌ಫೀಲ್ಡ್ ಟ್ರಿನಿಟಿ, ಸೇಂಟ್ ಹೆಲೆನ್ಸ್, ವಾರಿಂಗ್ಟನ್, ಹ್ಯಾಲಿಫ್ಯಾಕ್ಸ್ ಇದ್ದರೆ ಲೀಗ್. ಆ ಕಾಲದಲ್ಲಿ ಯೂನಿಯನ್ ಬಿಟ್ಟು ಹಣಕ್ಕಾಗಿ ಲೀಗ್‌ಗೆ ಬಂದವನಿಗೆ ಹಳೇ ಮನೆಯ ಬಾಗಿಲು ಮುಚ್ಚಿಹೋಗುತ್ತಿತ್ತು. ಆದ್ದರಿಂದ ಎರಡರ ಲೆಕ್ಕವನ್ನು ಎಂದೂ ಕೂಡಿಸಬೇಡಿ.

ಆ ಕಾಲದ ಸೇರಿನಲ್ಲೇ ಅಳೆಯಿರಿ

ವಹಿಯ ಮೊದಲ ಪುಟದಲ್ಲಿ ನಿಯಮಗಳ ದರಪಟ್ಟಿ ಇರಲಿ. ಟ್ರೈ, ಅಂದರೆ ಎದುರಾಳಿಯ ಗೆರೆಯಾಚೆ ಚೆಂಡು ನೆಲಕ್ಕೆ ಮುಟ್ಟಿಸುವುದು: 3 ಅಂಕ. 1983ರಲ್ಲಿ ಅದು 4 ಆಯಿತು. ಗೋಲು: 2 ಅಂಕ. ಟ್ರೈ ಆದ ಮೇಲೆ ಒದೆಯುವ ಕನ್ವರ್ಷನ್, ತಪ್ಪಿಗೆ ಸಿಗುವ ಪೆನಾಲ್ಟಿ, ಆಟದ ನಡುವೆಯೇ ಚೆಂಡನ್ನು ನೆಲಕ್ಕೆ ಬಿಟ್ಟು ಪುಟಿಯುತ್ತಲೇ ಒದೆಯುವ ಡ್ರಾಪ್ ಗೋಲ್, ಈ ಮೂರೂ ಆಗ ‘ಗೋಲು’ ಎಂಬ ಒಂದೇ ಚೀಲದಲ್ಲಿ ಬೀಳುತ್ತಿದ್ದವು. ಡ್ರಾಪ್ ಗೋಲಿನ ಬೆಲೆ 1974ರಲ್ಲಿ 1ಕ್ಕೆ ಇಳಿಯಿತು.

1966ರವರೆಗೆ ಟ್ಯಾಕಲ್‌ಗೆ, ಅಂದರೆ ಚೆಂಡು ಹಿಡಿದವನನ್ನು ಹಿಡಿದು ತಡೆಯುವುದಕ್ಕೆ, ಮಿತಿ ಇರಲಿಲ್ಲ; ಚೆಂಡು ಕಳೆದುಕೊಳ್ಳುವವರೆಗೆ ಒಂದೇ ತಂಡ ಹಿಡಿದುಕೊಂಡು ಹೋಗಬಹುದಿತ್ತು. ಆಮೇಲೆ ನಾಲ್ಕು ಟ್ಯಾಕಲ್, 1972ರಿಂದ ಆರು. ಹೀಗಾಗಿ 1958ರ ಒಂದು ಪಂದ್ಯದಲ್ಲಿ ಟ್ರೈ ಕಡಿಮೆ ಇದ್ದರೆ ಆಟಗಾರರು ಸೋಮಾರಿಗಳು ಅಂತ ಬರೆಯಬೇಡಿ. ಬದಲಿ ಆಟಗಾರರ ನಿಯಮ ಬಂದದ್ದೂ 1964ರಲ್ಲಿ. ಅದಕ್ಕೇ 1958ರ ಜುಲೈ 5ರಂದು ಆಸ್ಟ್ರೇಲಿಯಾ ವಿರುದ್ಧದ ಬ್ರಿಸ್ಬೇನ್ ಟೆಸ್ಟ್‌ನಲ್ಲಿ ಗ್ರೇಟ್ ಬ್ರಿಟನ್ ನಾಯಕ ಅಲನ್ ಪ್ರೆಸ್ಕಾಟ್ ಆರಂಭದ ನಿಮಿಷಗಳಲ್ಲೇ ಬಲಗೈ ಮುರಿದುಕೊಂಡೂ ಕೊನೆಯವರೆಗೆ ಮೈದಾನದಲ್ಲಿದ್ದ. ಹೊರಗೆ ಹೋಗಿದ್ದರೆ ತಂಡಕ್ಕೆ ಒಬ್ಬ ಕಡಿಮೆ. ಬ್ರಿಟನ್ 25-18ರಿಂದ ಗೆದ್ದಿತು. ನಿಯಮ ಹೇಳದೆ ಬರೀ ‘ಎಂಥ ಧೈರ್ಯ’ ಅಂತ ಬರೆದರೆ ಅರ್ಧ ವಿಷಯವಷ್ಟೇ ಓದುಗನಿಗೆ ತಲುಪುತ್ತದೆ.

ಹಳೇ ಅಂಕಗಳನ್ನು ಇವತ್ತಿನ ದರಕ್ಕೆ ತಿರುಗಿಸುವ ಆಸೆ ಬರುತ್ತದೆ. ಬೇಡ. ಚಾಲೆಂಜ್ ಕಪ್, ಅಂದರೆ ಸೋತವರು ಹೊರಬೀಳುವ ಸ್ಪರ್ಧೆ, ಅದರ 1968ರ ಫೈನಲ್ ನೋಡಿ: ಮಳೆಯ ನೀರು ನಿಂತ ವೆಂಬ್ಲಿಯಲ್ಲಿ ಲೀಡ್ಸ್ 11, ವೇಕ್‌ಫೀಲ್ಡ್ 10. ಕೊನೆಯ ಗಳಿಗೆಯಲ್ಲಿ ವೇಕ್‌ಫೀಲ್ಡ್ ಟ್ರೈ ಮಾಡಿತು, ಕಂಬಗಳ ಎದುರಿನಿಂದಲೇ ಡಾನ್ ಫಾಕ್ಸ್ ಒದ್ದ ಕನ್ವರ್ಷನ್ ತಪ್ಪಿತು, ಕಪ್ ಕೈತಪ್ಪಿತು. ಈಗ ಬಿಡಿಸಿ ನೋಡಿ. ಲೀಡ್ಸ್‌ಗೆ ಒಂದು ಟ್ರೈ, ನಾಲ್ಕು ಗೋಲು: 3+8=11. ವೇಕ್‌ಫೀಲ್ಡ್‌ಗೆ ಎರಡು ಟ್ರೈ, ಎರಡು ಗೋಲು: 6+4=10. ಇವತ್ತಿನ ದರ ಹಾಕಿದರೆ 4+8 ಮತ್ತು 8+4, ಅಂದರೆ 12-12 ಸಮ. ಆ ಒದೆತ ತಪ್ಪಿದ್ದರಿಂದ ಸೋಲೇ ಆಗುತ್ತಿರಲಿಲ್ಲ. ದರ ಬದಲಿಸಿದರೆ ಪಂದ್ಯದ ಕಥೆಯೇ ಬದಲಾಗುತ್ತದೆ. ಹಳೇ ಪಂದ್ಯಕ್ಕೆ ಹಳೇ ಸೇರು, ಅಷ್ಟೇ.

ಕಿರ್ದಿ ಹಾಕುವುದು

ಉದ್ದನೆಯ ವಹಿ ಅಥವಾ ಎಕ್ಸೆಲ್ ಹಾಳೆ, ಯಾವುದಾದರೂ ನಡೆದೀತು. ಕಾಲಂಗಳು: ತಾರೀಖು, ವಾರ, ಸೀಸನ್, ಯಾರ ಪರ, ಎದುರಾಳಿ, ಸ್ಪರ್ಧೆ, ಸ್ಥಾನ, ಟ್ರೈ, ಗೋಲು, ಅದರಲ್ಲಿ ಡ್ರಾಪ್ ಗೋಲ್ ಎಷ್ಟು, ಅವನ ಅಂಕ, ಪಂದ್ಯದ ಸ್ಕೋರು, ಎಲ್ಲಿಂದ ತಿಳಿಯಿತು, ಷರಾ. ನಿಯಮಿತವಾಗಿ ಆಡುವವನಿಗೆ ಒಂದು ಸೀಸನ್ನಿಗೆ 40-50 ಸಾಲು ಹಿಡಿಯುತ್ತವೆ. ಪುಟಕ್ಕೆ 25 ಸಾಲಾದರೆ ಸೀಸನ್ನಿಗೆ ಎರಡು ಪುಟ. ‘ಎಲ್ಲಿಂದ ತಿಳಿಯಿತು’ ಕಾಲಂ ಖಾಲಿ ಬಿಟ್ಟವರು ಆರು ತಿಂಗಳ ಮೇಲೆ ತಾವೇ ಬರೆದದ್ದನ್ನು ತಾವೇ ನಂಬದ ಸ್ಥಿತಿಗೆ ಬರುತ್ತಾರೆ.

ನೀಲ್ ಫಾಕ್ಸ್‌ನ ಒಂದು ಸಾಲು ಹೀಗಿರುತ್ತದೆ: 12-5-1962, ಶನಿವಾರ, 1961-62, ವೇಕ್‌ಫೀಲ್ಡ್ ಟ್ರಿನಿಟಿ, ಎದುರಾಳಿ ಹಡರ್ಸ್‌ಫೀಲ್ಡ್, ಚಾಲೆಂಜ್ ಕಪ್ ಫೈನಲ್ ವೆಂಬ್ಲಿ, ಸೆಂಟರ್, ಟ್ರೈ 1, ಗೋಲು 3, ಅದರಲ್ಲಿ ಡ್ರಾಪ್ 3, ಅಂಕ 9, ಸ್ಕೋರು 12-6. ಷರಾ: ಪಂದ್ಯಶ್ರೇಷ್ಠನಿಗೆ ಕೊಡುವ ಲ್ಯಾನ್ಸ್ ಟಾಡ್ ಟ್ರೋಫಿ ಇವನಿಗೆ.

ಈ ಸಾಲನ್ನು ಓದುವುದನ್ನು ಕಲಿಯಿರಿ. ತಂಡದ ಮೊತ್ತ 12ರಲ್ಲಿ 9 ಇವನದ್ದು, ಉಳಿದದ್ದು 3, ಅಂದರೆ ಇನ್ನೊಬ್ಬನ ಒಂದು ಟ್ರೈ. ಹಾಗಾದರೆ ತಂಡದ ಟ್ರೈ ಎರಡು. ಒಂದಕ್ಕೂ ಕನ್ವರ್ಷನ್ ಆಗಿಲ್ಲ. ಗೋಲು ಒದೆಯುವುದರಲ್ಲಿ ಹೆಸರಾದ ಆಟಗಾರ ಆವತ್ತು ನಿಂತ ಚೆಂಡಿನಿಂದ ಒಂದು ಗೋಲೂ ಪಡೆಯದೆ, ಓಡುವ ಆಟದಲ್ಲಿ ಮೂರು ಡ್ರಾಪ್ ಗೋಲ್ ಹೊಡೆದು ಫೈನಲ್ ಗೆಲ್ಲಿಸಿದ. ಡ್ರಾಪ್ ಕಾಲಂ ಬೇರೆ ಇಡದಿದ್ದರೆ ಇದು ‘3 ಗೋಲು’ ಎಂಬ ಸಪ್ಪೆ ಮಾತಾಗಿ ಮುಗಿದುಹೋಗುತ್ತಿತ್ತು.

ಸೀಸನ್ ಕಾಲಂನಲ್ಲಿ ಹೊಸಬರು ಮುಗ್ಗರಿಸುತ್ತಾರೆ. ಆಗಿನ ಸೀಸನ್ ಆಗಸ್ಟ್‌ನಲ್ಲಿ ಶುರುವಾಗಿ ಮುಂದಿನ ಮೇನಲ್ಲಿ ಮುಗಿಯುತ್ತಿತ್ತು. ವಿಜಯಪುರದ ಹಿಂಗಾರಿ ಜೋಳದ ಹಾಗೆ: ಬಿತ್ತಿದ್ದು ಒಂದು ಇಸವಿ, ರಾಶಿ ಮಾಡಿದ್ದು ಇನ್ನೊಂದು ಇಸವಿ. ‘1962ರ ಸೀಸನ್’ ಅಂತ ಬರೆದರೆ ಎರಡು ಬೆಳೆ ಕಲೆಸಿದಂತೆ. ಯಾವಾಗಲೂ 1961-62 ಎಂದೇ ಬರೆಯಿರಿ.

ವಾರದ ಕಾಲಂ ಸುಮ್ಮನೆ ಇಟ್ಟದ್ದಲ್ಲ, ಅದು ಕಾವಲುಗಾರ. ಆಗ ಆಟ ಹೆಚ್ಚಾಗಿ ಶನಿವಾರ, ಕೆಲವು ವಾರದ ನಡುವೆ. ಇಂಗ್ಲೆಂಡಿನಲ್ಲಿ ರವಿವಾರದ ಲೀಗ್ ಪಂದ್ಯಗಳು ಶುರುವಾದದ್ದು 1967ರ ಡಿಸೆಂಬರ್‌ನಲ್ಲಿ. ಅದಕ್ಕಿಂತ ಮುಂಚಿನ ಲೀಗ್ ಪಂದ್ಯದ ತಾರೀಖು ರವಿವಾರಕ್ಕೆ ಬಂದರೆ ತಾರೀಖು ತಪ್ಪು; ಬಹುತೇಕ ಯಾರೋ ಪತ್ರಿಕೆ ಬಂದ ದಿನವನ್ನೇ ಪಂದ್ಯದ ದಿನ ಮಾಡಿದ್ದಾರೆ. ಫ್ರಾನ್ಸಿನಲ್ಲಿ ಆಡಿದ ಪಂದ್ಯಗಳಿಗೆ ಮಾತ್ರ ಈ ಪರೀಕ್ಷೆ ಹಚ್ಚಬೇಡಿ, ಅಲ್ಲಿ ರವಿವಾರ ಆಟ ಇತ್ತು.

ಪಂದ್ಯದ ದಿನ ಮಾರುತ್ತಿದ್ದ ಮುದ್ರಿತ ಪ್ರೋಗ್ರಾಂ ಪುಸ್ತಿಕೆ ಸಿಕ್ಕರೆ ಖುಷಿ ಪಡಿ, ಆದರೆ ಅದನ್ನು ಸಾಕ್ಷಿ ಅಂತ ಹಿಡಿಯಬೇಡಿ. ಜಾತ್ರೆ ಕುಸ್ತಿಯ ಕರಪತ್ರ ಇದ್ದ ಹಾಗೆ ಅದು. ಒಂದನೇ ನಂಬರ್ ಜೋಡಿ ಅಂತ ಇಬ್ಬರು ಪೈಲ್ವಾನರ ಫೋಟೋ ಅಚ್ಚಾಗಿರುತ್ತದೆ. ಫಡದ ದಿನ ಒಬ್ಬನಿಗೆ ಮೊಣಕಾಲು ನೋವು, ಬೇರೆಯವನು ಇಳಿದಿರುತ್ತಾನೆ. ಪ್ರೋಗ್ರಾಂ ಅಚ್ಚಾದ ಮೇಲೆ ತಂಡ ಬದಲಾಗಿರಬಹುದು. ಪಂದ್ಯ ಮುಗಿದ ಮೇಲೆ ಬಂದ ಪತ್ರಿಕೆಯ ವರದಿಯೇ ಆಧಾರ. ಬ್ರಿಟಿಷ್ ನ್ಯೂಸ್‌ಪೇಪರ್ ಆರ್ಕೈವ್‌ನಲ್ಲಿ ಹಳೇ ಪತ್ರಿಕೆಗಳನ್ನು ಚಂದಾ ಕಟ್ಟಿ ಮನೆಯಿಂದಲೇ ಓದಬಹುದು. ಲೀಗ್ ಸಂಸ್ಥೆಯ ಕಾಗದಪತ್ರ ಹಡರ್ಸ್‌ಫೀಲ್ಡ್ ವಿಶ್ವವಿದ್ಯಾಲಯದ ಹೆರಿಟೇಜ್ ಕೀ ಸಂಗ್ರಹದಲ್ಲಿದೆ. ಚಂದಾ ಕಟ್ಟುವ ಮುಂಚೆ ಬೇಕಾದ ತಾರೀಖುಗಳ ಪಟ್ಟಿ ತಯಾರಿರಲಿ, ಇಲ್ಲದಿದ್ದರೆ ತಿಂಗಳು ಮುಗಿಯುವುದು ಜಾಹೀರಾತು ಓದುವುದರಲ್ಲೇ.

ಪತ್ರಿಕೆಯಲ್ಲಿ ಬರೀ ‘ಫಾಕ್ಸ್’ ಎಂದಿದ್ದರೆ ನಿಲ್ಲಿ. ನೀಲ್ ಮತ್ತು ಡಾನ್ ಅಣ್ಣತಮ್ಮಂದಿರು, ಒಂದೇ ತಂಡಕ್ಕೆ ಆಡಿದವರು, ಇಬ್ಬರೂ ಗೋಲು ಒದೆಯುವವರು. 1968ರಲ್ಲಿ ಒದೆತ ತಪ್ಪಿಸಿದ್ದು ಡಾನ್. ಆವತ್ತಿನ ಲ್ಯಾನ್ಸ್ ಟಾಡ್ ಟ್ರೋಫಿಯೂ ಅವನದ್ದೇ. ನೀಲ್ ಗಾಯದಿಂದಾಗಿ ಆ ಫೈನಲ್ ಆಡಲೇ ಇಲ್ಲ. ಅಣ್ಣನ ಸಾಲವನ್ನು ತಮ್ಮನ ಖಾತೆಗೆ ಹಾಕಿದ ಬರಹಗಳು ಬೇಕಾದಷ್ಟು ಇವೆ.

ಸ್ಥಾನದ ಕಾಲಂಗೆ ಅಂಗಿಯ ನಂಬರ್ ನೆರವಾಗುತ್ತದೆ, ಏಕೆಂದರೆ ಆಗ ನಂಬರ್ ಸ್ಥಾನಕ್ಕೇ ಕೊಡುತ್ತಿದ್ದರು. 1 ಫುಲ್‌ಬ್ಯಾಕ್, 2 ಮತ್ತು 5 ವಿಂಗ್, 3 ಮತ್ತು 4 ಸೆಂಟರ್, 6 ಸ್ಟ್ಯಾಂಡ್-ಆಫ್, 7 ಸ್ಕ್ರಮ್ ಹಾಫ್, 8 ಮತ್ತು 10 ಪ್ರಾಪ್, 9 ಹುಕರ್, 11 ಮತ್ತು 12 ಸೆಕೆಂಡ್ ರೋ, 13 ಲೂಸ್ ಫಾರ್ವರ್ಡ್. ಇವನ್ನು ಕನ್ನಡಿಸಲು ಹೋಗಬೇಡಿ. ‘ಕೊಕ್ಕೆಗಾರ’ ಅಂದರೆ ಯಾರಿಗೂ ಏನೂ ತಿಳಿಯದು. ಪ್ರಾಪ್ ಮತ್ತು ಹುಕರ್‌ಗಳ ಖಾತೆಯಲ್ಲಿ ಅಂಕ ಇರುವುದೇ ಅಪರೂಪ. ಅವರ ಕೆಲಸ ಸ್ಕ್ರಮ್‌ನಲ್ಲಿ, ಅಂದರೆ ಎರಡೂ ತಂಡದ ಮುಂದಿನ ಸಾಲಿನವರು ಹೆಗಲು ಕೊಟ್ಟು ನೂಕಾಡುವಲ್ಲಿ, ಚೆಂಡು ಗೆಲ್ಲುವುದು, ಎದುರಾಳಿಯನ್ನು ಕೆಡವುವುದು. ಅಂಥವರ ಬಗ್ಗೆ ಬರೆಯುವಾಗ ವರದಿಯಲ್ಲಿ ಸ್ಕ್ರಮ್ ಲೆಕ್ಕ ಕೊಟ್ಟಿದ್ದರೆ ಅದನ್ನು ಷರಾದಲ್ಲಿ ಎತ್ತಿಡಿ.

ಊರಿನ ಹೆಸರು

ಕೀತ್ಲಿ ಎಂಬ ಊರನ್ನು ಇಂಗ್ಲಿಷ್ ಅಕ್ಷರ ನೋಡಿ ‘ಕೀಗ್ಲೆ’ ಅಂತ ಬರೆಯುತ್ತಾರೆ. ಲೀ ಎಂಬುದು ‘ಲೇಗ್’ ಆಗುತ್ತದೆ. ಬೆಳಗಾವಿಯನ್ನು ಬೆಲ್ಗಾಂ ಮಾಡಿದ್ದಕ್ಕೆ ಸೇಡು ತೀರಿಸಿಕೊಂಡಂತೆ ಕಾಣುತ್ತದೆ, ಆದರೂ ಸರಿಯಾಗಿ ಬರೆಯುವುದು ಒಳ್ಳೆಯದು. ಉಚ್ಚಾರ ಕೇಳಿ ಬರೆಯಿರಿ. ಹಲ್ ಊರಿನಲ್ಲಿ ಎರಡು ಕ್ಲಬ್ಬುಗಳಿವೆ, ಹಲ್ ಮತ್ತು ಹಲ್ ಕಿಂಗ್‌ಸ್ಟನ್ ರೋವರ್ಸ್. ಬರೀ ‘ಹಲ್’ ಅಂದರೆ ಮೊದಲನೆಯದು. ಕ್ಲಬ್ಬಿನ ಹೆಸರು ಆ ಕಾಲದ್ದೇ ಇರಲಿ: ಬ್ರಾಡ್‌ಫರ್ಡ್ ನಾರ್ದರ್ನ್ 1996ರಲ್ಲಿ ಬ್ರಾಡ್‌ಫರ್ಡ್ ಬುಲ್ಸ್ ಆಯಿತು, 1969ರ ಸಾಲಿನಲ್ಲಿ ಬುಲ್ಸ್ ಬರಕೂಡದು. ಬಿಜಾಪುರ ವಿಜಯಪುರವಾದದ್ದು 2014ರಲ್ಲಿ. 1962ರ ಪತ್ರಿಕೆಯಲ್ಲಿ ವಿಜಯಪುರ ಜಿಲ್ಲೆ ಹುಡುಕಿದಂತೆಯೇ ಅದು.

ಖತಾವಣಿ ಮತ್ತು ತಾಳೆ

ಸೀಸನ್ ಮುಗಿದಲ್ಲಿ ಗೆರೆ ಹಾಕಿ, ಮೂರು ಬೇರೆ ಖಾತೆಗೆ ಎತ್ತಿಡಿ: ಕ್ಲಬ್, ಕೌಂಟಿ, ದೇಶ. ಈಗ ಆರಂಭದ 407 ಮತ್ತು 456ಕ್ಕೆ ಬನ್ನಿ. ವೇಕ್‌ಫೀಲ್ಡ್‌ಗಾಗಿ ಫಾಕ್ಸ್ ಆ ಸೀಸನ್ನಿನಲ್ಲಿ 27 ಟ್ರೈ, 163 ಗೋಲು: 81+326=407. ಎಲ್ಲ ಪಂದ್ಯ ಸೇರಿಸಿದರೆ 30 ಟ್ರೈ, 183 ಗೋಲು: 90+366=456. ನಡುವಿನ 49, ಅಂದರೆ 3 ಟ್ರೈ, 20 ಗೋಲು, ಕ್ಲಬ್ ಬಿಟ್ಟು ಬೇರೆ ಅಂಗಿ ತೊಟ್ಟು ಆಡಿದ್ದು. ಮೊದಲನೆಯದು ಕ್ಲಬ್ಬಿನ ದಾಖಲೆ ಬರೆಯುವವರಿಗೆ, ಎರಡನೆಯದು ಆಟಗಾರನ ಸೀಸನ್ ಬರೆಯುವವರಿಗೆ. ಯಾವುದನ್ನು ಬರೆದರೂ ಯಾವ ಖಾತೆಯದು ಅಂತ ಅದೇ ವಾಕ್ಯದಲ್ಲಿ ಹೇಳಿ.

ದೇಶದ ಖಾತೆಯಲ್ಲೂ ಗೆರೆಗಳಿವೆ. ಗ್ರೇಟ್ ಬ್ರಿಟನ್ ಬೇರೆ, ಇಂಗ್ಲೆಂಡ್ ಬೇರೆ. ನಾಲ್ಕು ವರ್ಷಕ್ಕೊಮ್ಮೆ ಹಡಗು, ವಿಮಾನ ಹತ್ತಿ ಹೋಗುತ್ತಿದ್ದ ಆಸ್ಟ್ರೇಲಿಯಾ-ನ್ಯೂಜಿಲೆಂಡ್ ಪ್ರವಾಸದಲ್ಲಿ ಪಂದ್ಯಗಳು ಬಹಳ, ಟೆಸ್ಟ್‌ಗಳು ಬೆರಳೆಣಿಕೆ. ಟೆಸ್ಟ್ ಮಾತ್ರ ಟೆಸ್ಟ್ ಕಾಲಂಗೆ ಹೋಗಬೇಕು. ಫಾಕ್ಸ್‌ನದು 29 ಟೆಸ್ಟ್, 14 ಟ್ರೈ, 93 ಗೋಲು; 42+186=228. ತಾಳೆ.

ಕ್ಲಬ್ ಬಿಟ್ಟು ಮತ್ತೆ ಅದೇ ಕ್ಲಬ್ಬಿಗೆ ಬಂದವನ ಎರಡೂ ಅವಧಿ ಬೇರೆ ಬರೆದು ಕೆಳಗೆ ಕೂಡಿಸಿ. 1956ರ ಏಪ್ರಿಲ್‌ನಲ್ಲಿ, 17 ತುಂಬುವ ಮುಂಚೆಯೇ ವೇಕ್‌ಫೀಲ್ಡ್‌ಗೆ ಇಳಿದ ಫಾಕ್ಸ್ 1969ರಲ್ಲಿ ಬ್ರಾಡ್‌ಫರ್ಡ್ ನಾರ್ದರ್ನ್‌ಗೆ ಹೋಗಿ ಮರುವರ್ಷವೇ ತಿರುಗಿ ಬಂದ. ಕೂಡಿಸಿದರೆ ಆ ಕ್ಲಬ್ಬಿಗೆ 272 ಟ್ರೈ, 1,836 ಗೋಲು, 4,488 ಅಂಕ. ಗುಣಿಸಿ ನೋಡಿ, ಒಂದಂಕವೂ ಹೆಚ್ಚುಕಡಿಮೆ ಇಲ್ಲ.

ಸಾಲುಗಳ ನಡುವೆ ಖಾಲಿ ಜಾಗ ಕಂಡರೆ ‘ಫಾರ್ಮ್ ಕಳೆದುಕೊಂಡ’ ಅಂತ ಅವಸರಪಡಬೇಡಿ. ಯುದ್ಧದ ವರ್ಷಗಳಾಗಿದ್ದರೆ ಅವನು ಬೇರೆ ಕ್ಲಬ್ಬಿಗೆ ಅತಿಥಿಯಾಗಿ ಆಡಿರಬಹುದು. 1950ರ ದಶಕದಲ್ಲಿ ಯುವಕರಿಗೆ ಕಡ್ಡಾಯ ಸೇನಾ ಸೇವೆ ಇತ್ತು; ಕಲ್ಲಿದ್ದಲು ಗಣಿಯಲ್ಲಿ ಕೆಲಸ ಮಾಡುವವರಿಗೆ ವಿನಾಯಿತಿ. 1962-63ರಲ್ಲಾದರೆ ಮೈದಾನಗಳೇ ವಾರಗಟ್ಟಲೆ ಹಿಮಗಟ್ಟಿ ಪಂದ್ಯಗಳು ಮುಂದೆ ಹೋದವು. ಆ ಸೀಸನ್ ಮತ್ತು ಅದರ ಮುಂದಿನದರಲ್ಲಿ ಲೀಗ್ ಎರಡು ಡಿವಿಜನ್ ಆಗಿತ್ತು. ಉಳಿದ ವರ್ಷಗಳ ಜೊತೆ ನೇರ ಹೋಲಿಕೆ ನಡೆಯದು.

ಹಣದ ಮಾತು ಬಂದರೆ ಇವತ್ತಿನ ಪೌಂಡ್ ದರ ಹಚ್ಚಬೇಡಿ. 1966ರ ಜೂನ್‌ನಲ್ಲಿ ರೂಪಾಯಿ ಅಪಮೌಲ್ಯ ಆಗುವವರೆಗೆ ಒಂದು ಪೌಂಡಿಗೆ 13 ರೂಪಾಯಿ 33 ಪೈಸೆ. 1953ರಲ್ಲಿ ವೇಲ್ಸ್‌ನ ಬಿಲ್ಲಿ ಬಾಸ್ಟನ್‌ಗೆ ವಿಗನ್ ಕೊಟ್ಟ 3,000 ಪೌಂಡ್ ಆಗಿನ 40,000 ರೂಪಾಯಿ.

ಪ್ರೇಕ್ಷಕರ ಸಂಖ್ಯೆಯಲ್ಲಿ ದುಂಡು ಅಂಕಿ ಕಂಡರೆ ಅನುಮಾನಿಸಿ. 1954ರ ಮೇ 5, ಬುಧವಾರ, ಬ್ರಾಡ್‌ಫರ್ಡ್‌ನ ಓಡ್ಸಲ್ ಮೈದಾನದಲ್ಲಿ ವಾರಿಂಗ್ಟನ್ 8-4ರಿಂದ ಹ್ಯಾಲಿಫ್ಯಾಕ್ಸನ್ನು ಸೋಲಿಸಿದ ಚಾಲೆಂಜ್ ಕಪ್ ಫೈನಲಿನ ಮರುಪಂದ್ಯಕ್ಕೆ ಅಧಿಕೃತ ಲೆಕ್ಕ 1,02,569. ಬೇಲಿ ಹಾರಿ ಬಂದವರೂ ಇದ್ದರೆನ್ನುತ್ತಾರೆ, ಅವರನ್ನು ಎಣಿಸಿದವರಿಲ್ಲ. ಟಿಕೆಟ್ಟಿನ ಲೆಕ್ಕ ಬರೆಯಿರಿ.

ತಾಳೆ ಆಗದೆ ಉಳಿದದ್ದು

ಕೊನೆಗೆ ಇಡೀ ವೃತ್ತಿಜೀವನದ ಮೊತ್ತ. ಫಾಕ್ಸ್‌ನದು 358 ಟ್ರೈ, 2,575 ಗೋಲು, 6,220 ಅಂಕ ಎಂಬುದು ಎಲ್ಲ ಕಡೆ ಇರುವ ಅಂಕಿ. 358ನ್ನು 3ರಿಂದ ಗುಣಿಸಿದರೆ 1,074. 2,575ನ್ನು 2ರಿಂದ ಗುಣಿಸಿದರೆ 5,150. ಕೂಡಿಸಿದರೆ 6,224. ನಾಲ್ಕು ಅಂಕ ಹೆಚ್ಚಾಯಿತು.

ಇಲ್ಲಿ 6,220 ತಪ್ಪು ಅಂತ ತಿದ್ದಲು ಹೋಗುವವರು ಇದ್ದಾರೆ. ಮೊದಲ ಪುಟದ ದರಪಟ್ಟಿಗೆ ತಿರುಗಿ ಹೋಗಿ. ಅವನು 1970ರ ದಶಕದ ಕೊನೆಯವರೆಗೂ ಆಡಿದ; ಡ್ರಾಪ್ ಗೋಲು 1974ರಲ್ಲಿ 2ರಿಂದ 1ಕ್ಕೆ ಇಳಿದಿತ್ತು. ಇಳಿದ ಮೇಲೆ ಹೊಡೆದ ಪ್ರತಿ ಡ್ರಾಪ್ ಗೋಲಿಗೆ ನಮ್ಮ ಗುಣಾಕಾರದಲ್ಲಿ ಒಂದು ಅಂಕ ಜಾಸ್ತಿ ಬಿದ್ದಿದೆ. ನಾಲ್ಕು ಅಂಕ, ನಾಲ್ಕು ಡ್ರಾಪ್ ಗೋಲು. 1974ರ ನಂತರದ ಪುಟಗಳಲ್ಲಿ ಡ್ರಾಪ್ ಕಾಲಂ ಮೇಲಿನಿಂದ ಕೆಳಕ್ಕೆ ಬೆರಳಿಟ್ಟು ಬನ್ನಿ, ನಾಲ್ಕೂ ಸಿಕ್ಕ ಸಾಲುಗಳ ಎದುರಿಗೆ ಷರಾದಲ್ಲಿ ‘1 ಅಂಕದ್ದು’ ಅಂತ ಬರೆದು, ಕೆಳಗೆ ಎರಡು ಗೆರೆ ಎಳೆಯಿರಿ.